ಭದ್ರತೆ ಪರೀಕ್ಷಿಸುವ ಸ್ಕ್ಯಾನರ್ ಕಳ್ಳಪ್ರತಿಯಾಗಬೇಕಿಲ್ಲ

ಮಾನ್ಯ ಸಂಪಾದಕರೇ,

ಸಹಕಾರ ಸಂಘ, ರೆಸಾರ್ಟ್, ಕಾಫಿ ಕ್ಯೂರಿಂಗ್ ಘಟಕ, ನರ್ಸಿಂಗ್ ಹೋಂ, ಕಾಲೇಜು – ಕೊಡಗು ಜಿಲ್ಲೆಯಲ್ಲಿ ಕಂಪ್ಯೂಟರ್ ಜಾಲ ಇರುವ ಕಡೆಯೆಲ್ಲ ಈಗ ‘ಸೆಕ್ಯೂರಿಟಿ ಚೆಕ್’ ಮಾಡಿಸುವ ಮಾತು ಕೇಳಿಬರುತ್ತಿದೆ. ಒಳ್ಳೆಯದೇ. ಆದರೆ ಚೆಕ್ ಮಾಡಲು ಬಂದವರ ಲ್ಯಾಪ್‌ಟಾಪ್‌ನಲ್ಲಿರುವ ಸ್ಕ್ಯಾನರ್ – ಜಾಲದ ಯಂತ್ರಗಳಲ್ಲಿ ಭದ್ರತಾ ಲೋಪ ಹುಡುಕುವ ತಂತ್ರಾಂಶ – ಎಲ್ಲಿಂದ ಬಂತು ಎಂದು ಕೇಳುವವರು ಕಡಿಮೆ. ನೆಸ್ಸಸ್ ಪ್ರೊಫೆಷನಲ್ ಎಂಬ ಸ್ಕ್ಯಾನರ್‌ಗೆ ವರ್ಷಕ್ಕೆ ಲಕ್ಷಗಳ ಲೆಕ್ಕದಲ್ಲಿ ಹಣ ಕಟ್ಟಬೇಕು. ಅಕ್ಯುನೆಟಿಕ್ಸ್ ಕೂಡ ಅಗ್ಗದ್ದಲ್ಲ. ಇವುಗಳ ಪರವಾನಗಿಯ ಬೀಗ ಮುರಿದ ಕ್ರ್ಯಾಕ್ ಪ್ರತಿಗಳು ಮಾತ್ರ ಟೆಲಿಗ್ರಾಂ ಗುಂಪುಗಳಲ್ಲಿ ಪುಕ್ಕಟೆ ಸಿಗುತ್ತವೆ, ಪೆನ್‌ಡ್ರೈವ್‌ನಿಂದ ಪೆನ್‌ಡ್ರೈವ್‌ಗೆ ದಾಟುತ್ತವೆ. ಈ ಕೆಲಸಕ್ಕೆ ಕಳ್ಳಪ್ರತಿಯ ಅಗತ್ಯವೇ ಇಲ್ಲ ಎಂಬುದನ್ನು ಲೆಕ್ಕ ಸಮೇತ ಹೇಳಲು ಈ ಪತ್ರ. ಮೂಲೆಗೆ ಸೇರಿದ ಒಂದು ಡೆಸ್ಕ್‌ಟಾಪ್, ಒಂದು ಬ್ರಾಡ್‌ಬ್ಯಾಂಡ್ ಸಂಪರ್ಕ, ಅರ್ಧ ದಿನದ ತಾಳ್ಮೆ ಇದ್ದರೆ ಪರವಾನಗಿಯುಳ್ಳ ಸ್ಕ್ಯಾನರ್ ಅನ್ನು ಕಂಟೇನರ್‌ನಲ್ಲಿ, ಅಂದರೆ ಬೇಕಾದದ್ದೆಲ್ಲ ಜೊತೆಗೇ ಇರುವ ಪ್ರತ್ಯೇಕ ಡಬ್ಬಿಯಂಥ ವ್ಯವಸ್ಥೆಯಲ್ಲಿ, ನಡೆಸಬಹುದು.

ಕ್ರ್ಯಾಕ್ ಪ್ರತಿಯಲ್ಲಿ ನಷ್ಟ ಎಲ್ಲಿದೆ ಎಂಬುದನ್ನು ಮೊದಲು ನೋಡೋಣ. ಸ್ಕ್ಯಾನರ್‌ನ ಜೀವ ಇರುವುದು ದಿನವೂ ಬರುವ ಹೊಸ ಪರೀಕ್ಷೆಗಳಲ್ಲಿ. ನೆಸ್ಸಸ್‌ನವರು ಪ್ಲಗಿನ್ ಎನ್ನುತ್ತಾರೆ, ಬೇರೆಯವರು ಫೀಡ್ ಎನ್ನುತ್ತಾರೆ. ಕ್ರ್ಯಾಕ್ ಪ್ರತಿ ಕಂಪನಿಯ ಸರ್ವರ್ ಜೊತೆ ಮಾತಾಡುವಂತಿಲ್ಲ, ಮಾತಾಡಿದರೆ ಸಿಕ್ಕಿಬೀಳುತ್ತದೆ. ಹಾಗಾಗಿ ಅದರ ಪ್ಲಗಿನ್‌ಗಳು ಯಾರೋ ಕಟ್ಟಿಕೊಟ್ಟ ದಿನಕ್ಕೇ ನಿಂತಿರುತ್ತವೆ. 2021ರ ನವೆಂಬರ್‌ಗೆ ನಿಂತ ಪ್ರತಿಗೆ ಡಿಸೆಂಬರ್‌ನಲ್ಲಿ ಬಯಲಾದ ಲಾಗ್‌ಫೋರ್‌ಶೆಲ್ ಎಂಬ ಲೋಪ ಗೊತ್ತೇ ಇಲ್ಲ. ದೂರದಿಂದ ಸರ್ವರ್‌ಗೆ ಲಾಗಿನ್ ಆಗಲು ಬಳಸುವ ಓಪನ್‌ಎಸ್‌ಎಸ್‌ಎಚ್‌ನಲ್ಲಿ 2024ರ ಜುಲೈನಲ್ಲಿ ಬಯಲಾದ ಲೋಪವೂ ಗೊತ್ತಿಲ್ಲ. ವರದಿಯಲ್ಲಿ ಎಲ್ಲ ಹಸಿರು ಕಾಣುತ್ತದೆ. ಸಂಘದ ಕಾರ್ಯದರ್ಶಿ ಆ ಹಸಿರನ್ನು ಫೈಲಿಗೆ ಹಾಕಿ ನಿಶ್ಚಿಂತರಾಗುತ್ತಾರೆ. ಪರೀಕ್ಷೆ ಮಾಡಿಸದೇ ಇದ್ದಿದ್ದರೆ ಕನಿಷ್ಠ ಅನುಮಾನವಾದರೂ ಉಳಿಯುತ್ತಿತ್ತು.

ಇನ್ನೊಂದು ನಷ್ಟ ಇದಕ್ಕಿಂತ ದೊಡ್ಡದು. ಆಳವಾದ ಪರೀಕ್ಷೆಗೆ ಸ್ಕ್ಯಾನರ್‌ಗೆ ವಿಂಡೋಸ್ ಅಡ್ಮಿನ್ ಪಾಸ್‌ವರ್ಡ್, ಲಿನಕ್ಸ್‌ನ ಎಸ್‌ಎಸ್‌ಎಚ್ ಕೀ, ರೂಟರ್‌ನ ಮಾಹಿತಿ ಓದಲು ಬೇಕಾದ ಎಸ್‌ಎನ್‌ಎಂಪಿ ಗುಟ್ಟು ಎಲ್ಲವನ್ನೂ ಕೊಡುತ್ತೇವೆ. ಕಚೇರಿಯಲ್ಲಿ ಬೇರೆ ಯಾವ ಸಾಫ್ಟ್‌ವೇರ್‌ಗೂ ಇಷ್ಟು ಕೊಡುವುದಿಲ್ಲ. ಹೆಸರು ಗೊತ್ತಿಲ್ಲದ ಯಾರೋ ತಿದ್ದಿದ, ‘ಆಂಟಿವೈರಸ್ ಆಫ್ ಮಾಡಿ ಇನ್‌ಸ್ಟಾಲ್ ಮಾಡಿ’ ಎಂಬ ಸೂಚನೆಯೊಂದಿಗೆ ಬರುವ ಫೈಲಿಗೆ ಇದನ್ನೆಲ್ಲ ಒಪ್ಪಿಸುವುದನ್ನು ಭದ್ರತಾ ಪರೀಕ್ಷೆ ಎಂದು ಕರೆಯಲು ನಮಗೆ ಬಾಯಿ ಬರುವುದಿಲ್ಲ.

ಕಾನೂನಿನ ಮಾತು ಚಿಕ್ಕದು. 1957ರ ಹಕ್ಕುಸ್ವಾಮ್ಯ ಕಾಯ್ದೆಯ 63ಬಿ ಕಲಂ ಪ್ರಕಾರ ಕಳ್ಳಪ್ರತಿ ಎಂದು ತಿಳಿದೂ ಕಂಪ್ಯೂಟರ್ ಪ್ರೋಗ್ರಾಂ ಬಳಸಿದರೆ 7 ದಿನಗಳಿಂದ 3 ವರ್ಷದವರೆಗೆ ಸೆರೆವಾಸ, 50 ಸಾವಿರದಿಂದ 2 ಲಕ್ಷ ರೂಪಾಯಿವರೆಗೆ ದಂಡ. ವ್ಯಾಪಾರಕ್ಕೋ ಲಾಭಕ್ಕೋ ಬಳಸಿಲ್ಲವೆಂದಾದರೆ ಸೆರೆವಾಸ ಬಿಟ್ಟು 50 ಸಾವಿರದೊಳಗಿನ ದಂಡಕ್ಕೆ ನಿಲ್ಲಿಸಲು ನ್ಯಾಯಾಲಯಕ್ಕೆ ಅವಕಾಶವಿದೆ. ಆದರೆ ಹಣ ಪಡೆದು ಇನ್ನೊಬ್ಬರ ಜಾಲ ಪರೀಕ್ಷಿಸುವವರಿಗೆ ಆ ರಿಯಾಯಿತಿ ಸಿಗುವುದು ಕಷ್ಟ. ಪರವಾನಗಿಯ ಬೀಗ ಮುರಿಯುವುದಕ್ಕೆ 2012ರ ತಿದ್ದುಪಡಿಯಲ್ಲಿ ಬಂದ 65ಎ ಕಲಂ ಪ್ರತ್ಯೇಕವಾಗಿದೆ.

ಈಗ ಕಂಟೇನರ್ ವಿಷಯ. ಮೊದಲೇ ಒಂದು ತಪ್ಪು ತಿಳಿವಳಿಕೆಯನ್ನು ಬದಿಗಿಡಬೇಕು: ಕಂಟೇನರ್‌ನಲ್ಲಿ ಓಡಿಸಿದ ಮಾತ್ರಕ್ಕೆ ಕಳ್ಳಪ್ರತಿ ಸಕ್ರಮವಾಗುವುದಿಲ್ಲ. ಕಂಟೇನರ್ ಓಡಿಸುವ ತಂತ್ರಾಂಶ ಡಾಕರ್; ಕಂಟೇನರ್‌ನ ಸಿದ್ಧ ಅಚ್ಚಿಗೆ ಇಮೇಜ್ ಎನ್ನುತ್ತಾರೆ. ಇಮೇಜ್‌ಗಳ ಸಾರ್ವಜನಿಕ ಭಂಡಾರವಾದ ಡಾಕರ್ ಹಬ್‌ಗೆ ಯಾರು ಬೇಕಾದರೂ ಇಮೇಜ್ ಏರಿಸಬಹುದು. ವಾಣಿಜ್ಯ ಸ್ಕ್ಯಾನರ್‌ಗಳ ಕ್ರ್ಯಾಕ್ ಇಮೇಜ್‌ಗಳೂ ಅಲ್ಲಿ ತಲೆಹಾಕುತ್ತವೆ. ‘ಒಳಗೆ ಏನಿದ್ದರೂ ಕಂಟೇನರ್ ದಾಟಿ ಹೊರಗೆ ಬರುವುದಿಲ್ಲವಲ್ಲ’ ಎಂಬ ಧೈರ್ಯವೂ ಹುಸಿ. ಸ್ಕ್ಯಾನರ್ ಕೆಲಸ ಮಾಡಬೇಕಾದರೆ ಕಚ್ಚಾ ಪ್ಯಾಕೆಟ್ (ಸ್ಕ್ಯಾನರ್ ತಾನೇ ರೂಪಿಸಿದ ಜಾಲದ ಸಂದೇಶ) ಕಳಿಸುವ ಅಧಿಕಾರ ಬೇಕು, ಕಚೇರಿಯ ಜಾಲವೆಲ್ಲ ತೆರೆದಿರಬೇಕು, ಪಾಸ್‌ವರ್ಡ್‌ಗಳು ಕೈಲಿರಬೇಕು. ಇಷ್ಟು ಸಿಕ್ಕ ಮೇಲೆ ಅದಕ್ಕೆ ಹೊರಗೆ ಬರುವ ಅಗತ್ಯವಾದರೂ ಏನು?

ಕಂಟೇನರ್‌ನ ಲಾಭ ಬೇರೆ ಕಡೆ ಇದೆ. ಓಪನ್‌ವಾಸ್‌ನಂಥ ಸ್ಕ್ಯಾನರ್ ಒಂದೇ ಪ್ರೋಗ್ರಾಂ ಅಲ್ಲ. ಪೋಸ್ಟ್‌ಗ್ರೆಸ್ ಡೇಟಾಬೇಸ್, ರೆಡಿಸ್, ನಿರ್ವಹಣೆಯ ಸೇವೆ, ವೆಬ್ ಮುಖ, ಸ್ಕ್ಯಾನ್ ಎಂಜಿನ್, ಫೀಡ್ ಎಂದು ಹತ್ತಕ್ಕೂ ಹೆಚ್ಚು ತುಂಡುಗಳು, ಅವುಗಳ ಆವೃತ್ತಿಗಳು ಒಂದಕ್ಕೊಂದು ಹೊಂದಬೇಕು. ಒಂದೊಂದನ್ನೇ ಕೈಯಿಂದ ಕಟ್ಟಿ ಕೂರಿಸಲು ಹೋಗಿ ಸೋತವರೇ ಹೆಚ್ಚಾಗಿ ‘ರೆಡಿಮೇಡ್ ಕ್ರ್ಯಾಕ್’ ಕಡೆ ತಿರುಗುತ್ತಾರೆ. ಯಾವ ಕಂಟೇನರ್‌ಗಳನ್ನು ಹೇಗೆ ಎಬ್ಬಿಸಬೇಕೆಂದು ತಯಾರಕರೇ ಹೊಂದಿಸಿ ಬರೆದುಕೊಟ್ಟ ಕಂಪೋಸ್ ಫೈಲ್ ಆ ತಲೆನೋವನ್ನು ತೆಗೆಯುತ್ತದೆ.

ಓಪನ್‌ವಾಸ್‌ನ ಹುಟ್ಟನ್ನೂ ಇಲ್ಲಿ ಹೇಳಿಬಿಡಬಹುದು. ನೆಸ್ಸಸ್ 1998ರಲ್ಲಿ ಮುಕ್ತ ತಂತ್ರಾಂಶವಾಗಿಯೇ ಹುಟ್ಟಿತು. 2005ರಲ್ಲಿ ಮೂರನೇ ಆವೃತ್ತಿಯಿಂದ ಅದರ ಮೂಲಸಂಕೇತ ಮುಚ್ಚಿತು. ಆಗ ತೆರೆದಿದ್ದ ಭಾಗದಿಂದ ಕವಲೊಡೆದದ್ದೇ ಓಪನ್‌ವಾಸ್. ಜರ್ಮನಿಯ ಗ್ರೀನ್‌ಬೋನ್ ಸಂಸ್ಥೆ 2008ರಿಂದ ಅದನ್ನು ಬೆಳೆಸುತ್ತಿದೆ, ಕಮ್ಯುನಿಟಿ ಆವೃತ್ತಿಯನ್ನು ಜಿಪಿಎಲ್ ಬಗೆಯ ಮುಕ್ತ ಪರವಾನಗಿಯಲ್ಲಿ ಕೊಡುತ್ತಿದೆ. ಅಂದರೆ ಕದಿಯುತ್ತಿರುವ ಮಾಲಿನ ದಾಯಾದಿಯೇ ಬಾಗಿಲು ತೆರೆದುಕೊಂಡು ಕೂತಿದೆ.

ಬೇಕಾದದ್ದು ಇಷ್ಟು. ಕನಿಷ್ಠ 2 ಕೋರ್, 4 ಜಿಬಿ ರ‍್ಯಾಮ್, 20 ಜಿಬಿ ಜಾಗ ಎಂದು ಗ್ರೀನ್‌ಬೋನ್ ಹೇಳುತ್ತದೆ. ಅದನ್ನು ನಂಬಿ ಕೂರಬೇಡಿ. ಅದೇ ಸಂಸ್ಥೆ ಶಿಫಾರಸು ಮಾಡುವ 4 ಕೋರ್, 8 ಜಿಬಿ, 60 ಜಿಬಿಯೇ ನಿಜವಾದ ಕನಿಷ್ಠ. ಡಿಸ್ಕ್ ಎಸ್‌ಎಸ್‌ಡಿ ಆಗಿರಲಿ; ಹಳೆಯ ಹಾರ್ಡ್‌ಡಿಸ್ಕ್‌ನಲ್ಲಿ ಫೀಡ್ ಡೇಟಾಬೇಸ್‌ಗೆ ಇಳಿಯುವಷ್ಟರಲ್ಲಿ ಬೇಸರವಾಗುತ್ತದೆ. ಮೇಲೆ ಲಿನಕ್ಸ್: ಡೆಬಿಯನ್ ಅಥವಾ ಉಬುಂಟು ಸರ್ವರ್ 24.04. ಡಾಕರ್ ಅನ್ನು ಉಬುಂಟುವಿನ ಸ್ನ್ಯಾಪ್ ಎಂಬ ಪ್ಯಾಕೇಜ್ ವ್ಯವಸ್ಥೆಯಿಂದ ಹಾಕಬೇಡಿ, ಫೈಲ್ ಫೋಲ್ಡರ್‌ಗಳನ್ನು ಅದು ಎಲ್ಲೆಂದರಲ್ಲಿ ತೆರೆಯಲು ಬಿಡುವುದಿಲ್ಲ. ಡಾಕರ್‌ನ ಅಧಿಕೃತ ಭಂಡಾರದಿಂದ ಡಾಕರ್ ಎಂಜಿನ್ ಮತ್ತು ಕಂಪೋಸ್ ಪ್ಲಗಿನ್ ಹಾಕಿ.

ಪರವಾನಗಿಯ ಒಂದು ಸೂಕ್ಷ್ಮ ಇಲ್ಲೇ ಇದೆ. ಡಾಕರ್ ಎಂಜಿನ್ ಅಪಾಚೆ ಪರವಾನಗಿಯ ಮುಕ್ತ ತಂತ್ರಾಂಶ. ವಿಂಡೋಸ್‌ನಲ್ಲಿ ಎಲ್ಲರೂ ಹಾಕಿಕೊಳ್ಳುವ ಡಾಕರ್ ಡೆಸ್ಕ್‌ಟಾಪ್ ಬೇರೆಯೇ ಸರಕು. ವೈಯಕ್ತಿಕ ಬಳಕೆಗೆ, ಶಿಕ್ಷಣಕ್ಕೆ, ವಾಣಿಜ್ಯೇತರ ಮುಕ್ತ ಯೋಜನೆಗಳಿಗೆ ಅದು ಉಚಿತ. 250ಕ್ಕಿಂತ ಕಡಿಮೆ ನೌಕರರು ಮತ್ತು ವರ್ಷಕ್ಕೆ 1 ಕೋಟಿ ಡಾಲರ್‌ಗಿಂತ ಕಡಿಮೆ ವಹಿವಾಟು, ಎರಡೂ ಇರುವ ಸಂಸ್ಥೆಗೂ ಉಚಿತ. ಅದಕ್ಕಿಂತ ದೊಡ್ಡ ಸಂಸ್ಥೆಗೂ, ಎಷ್ಟೇ ಚಿಕ್ಕದಾದರೂ ಸರ್ಕಾರಿ ಕಚೇರಿಗೂ ಚಂದಾ ಬೇಕು. ಹೋಂಸ್ಟೇ ಮಾಲೀಕರಿಗೆ ಚಿಂತೆಯಿಲ್ಲ. ತಾಲ್ಲೂಕು ಕಚೇರಿಯ ಕಂಪ್ಯೂಟರ್ ವಿಭಾಗದವರು ಲಿನಕ್ಸ್ ಮೇಲೆ ಬರೀ ಎಂಜಿನ್ ಹಾಕಿಕೊಳ್ಳುವುದೇ ಸರಿ. ತಾಂತ್ರಿಕವಾಗಿಯೂ ಅದೇ ಉತ್ತಮ. ವಿಂಡೋಸ್‌ನ ಡಾಕರ್ ಡೆಸ್ಕ್‌ಟಾಪ್‌ನಲ್ಲಿ ಕಂಟೇನರ್ ಒಂದು ವರ್ಚುವಲ್ ಯಂತ್ರದೊಳಗೆ ಕೂತಿರುತ್ತದೆ, ಪ್ಯಾಕೆಟ್‌ಗಳು ನಡುವೆ ಮಧ್ಯವರ್ತಿಯ ಮೂಲಕ ಹಾಯುತ್ತವೆ. ಜಾಲದ ಸ್ಕ್ಯಾನ್‌ಗೆ ಆ ಫಲಿತಾಂಶವನ್ನು ನಂಬಲಾಗದು. ಡಾಕರ್ ಬದಲಿಗೆ ಪಾಡ್‌ಮನ್ ಕೂಡ ಮುಕ್ತ ಆಯ್ಕೆಯೇ, ಆದರೆ ರೂಟ್ ಅಧಿಕಾರ, ಅಂದರೆ ಯಂತ್ರದ ಮೇಲೆ ಪೂರ್ಣ ಅಧಿಕಾರ, ಇಲ್ಲದೆ ಓಡಿಸಿದರೆ ಕಚ್ಚಾ ಪ್ಯಾಕೆಟ್ ಬೇಡುವ ಪರೀಕ್ಷೆಗಳು ಸರಿಯಾಗಿ ನಡೆಯುವುದಿಲ್ಲ.

ಗ್ರೀನ್‌ಬೋನ್‌ನ ದಾಖಲೆ ಪುಟದಿಂದ ಕಂಪೋಸ್ ಫೈಲ್ ಇಳಿಸಿಕೊಂಡು ಒಂದು ಪ್ರತ್ಯೇಕ ಫೋಲ್ಡರ್‌ನಲ್ಲಿಡಿ. ಫೈಲನ್ನು ತೆರೆದು ಓದಿ, ಇಮೇಜ್‌ಗಳೆಲ್ಲ ಗ್ರೀನ್‌ಬೋನ್‌ನ ಸ್ವಂತ ಕಮ್ಯುನಿಟಿ ರಿಜಿಸ್ಟ್ರಿಯಿಂದಲೇ ಬರುತ್ತವೆಯೇ ನೋಡಿ. ಯಾರೋ ಬ್ಲಾಗ್‌ನಲ್ಲಿ ತಿದ್ದಿ ಹಾಕಿದ ‘ಸುಲಭ ಆವೃತ್ತಿ’ ಬೇಡ. ಆಮೇಲೆ ಮೊದಲು ಕಂಪೋಸ್ ಪುಲ್, ನಂತರ ಕಂಪೋಸ್ ಅಪ್ ಅನ್ನು ಹಿನ್ನೆಲೆಯಲ್ಲಿ ಓಡುವ ಡಿ ಆಯ್ಕೆಯೊಂದಿಗೆ. ಮೊದಲ ಸಲ ಹಲವು ಜಿಬಿ ಇಳಿಯುತ್ತದೆ. ಮೊಬೈಲ್ ಹಾಟ್‌ಸ್ಪಾಟ್‌ನ ದಿನದ ಕೋಟಾದಲ್ಲಿ ಆಗುವ ಕೆಲಸವಲ್ಲ. ಫೈಬರ್ ಇರುವ ಊರಿನಲ್ಲಿ ಕೂತು ಇಳಿಸಿಕೊಂಡು ಯಂತ್ರವನ್ನೇ ತೋಟದ ಕಚೇರಿಗೆ ಒಯ್ದರೂ ನಡೆಯುತ್ತದೆ.

ಎಲ್ಲ ಎದ್ದ ಮೇಲೆ ಅದೇ ಯಂತ್ರದ ಬ್ರೌಸರ್‌ನಲ್ಲಿ 9392ನೇ ಪೋರ್ಟ್‌ಗೆ ಹೋದರೆ ಲಾಗಿನ್ ಪುಟ ಬರುತ್ತದೆ. ಹೆಸರು ಅಡ್ಮಿನ್, ಪಾಸ್‌ವರ್ಡೂ ಅಡ್ಮಿನ್. ಮಿಕ್ಕೆಲ್ಲಕ್ಕಿಂತ ಮೊದಲು ಅದನ್ನು ಬದಲಿಸಿ. ಹೇಗೆಂದು ದಾಖಲೆ ಪುಟದಲ್ಲೇ ಒಂದು ಸಾಲಿನ ಆದೇಶವಿದೆ. ಡೀಫಾಲ್ಟ್ ಪಾಸ್‌ವರ್ಡ್ ಹುಡುಕಲು ತಂದ ಯಂತ್ರವೇ ಡೀಫಾಲ್ಟ್ ಪಾಸ್‌ವರ್ಡ್ ಇಟ್ಟುಕೊಂಡು ಕೂರುವುದು ನಗೆಪಾಟಲು.

ಆ ಪೋರ್ಟ್ ಸ್ಥಳೀಯ ವಿಳಾಸಕ್ಕೆ ಮಾತ್ರ ಕಟ್ಟಿರುತ್ತದೆ. ಬೇರೆ ಮೇಜಿನಿಂದ ನೋಡಬೇಕೆಂದು ಅದನ್ನು ಎಲ್ಲ ವಿಳಾಸಗಳಿಗೂ ತೆರೆಯುವವರಿದ್ದಾರೆ, ‘ಯುಎಫ್‌ಡಬ್ಲ್ಯೂ ಫೈರ್‌ವಾಲ್ ಇದೆಯಲ್ಲ’ ಎನ್ನುತ್ತಾರೆ. ಡಾಕರ್ ತೆರೆದ ಪೋರ್ಟ್ ಯುಎಫ್‌ಡಬ್ಲ್ಯೂ ನಿಯಮಗಳನ್ನು ದಾಟಿಕೊಂಡೇ ಹೋಗುತ್ತದೆ, ಏಕೆಂದರೆ ಡಾಕರ್ ತನ್ನ ನಿಯಮಗಳನ್ನು ಐಪಿಟೇಬಲ್ಸ್‌ನಲ್ಲಿ, ಅಂದರೆ ಪ್ಯಾಕೆಟ್ ಸೋಸುವ ಲಿನಕ್ಸ್‌ನ ಪಟ್ಟಿಯಲ್ಲಿ, ಯುಎಫ್‌ಡಬ್ಲ್ಯೂಗಿಂತ ಮೊದಲೇ ನೆಟ್ಟಿರುತ್ತದೆ. ಎಸ್‌ಎಸ್‌ಎಚ್ ಸುರಂಗದ ಮೂಲಕ ನೋಡಿ, ಪೋರ್ಟ್ ಮುಚ್ಚಿಯೇ ಇರಲಿ. ಜೊತೆಗೆ, ಡಾಕರ್ ಗುಂಪಿಗೆ ಸೇರಿಸಿದ ಬಳಕೆದಾರ ಆ ಯಂತ್ರದಲ್ಲಿ ರೂಟ್‌ಗೆ ಸಮ. ಸಿಕ್ಕಸಿಕ್ಕವರನ್ನು ಆ ಗುಂಪಿಗೆ ಸೇರಿಸಬೇಡಿ.

ಹೆಚ್ಚಿನವರು ಕೈಬಿಡುವುದು ಈ ಹಂತದಲ್ಲಿ: ಲಾಗಿನ್ ಆದ ಕೂಡಲೇ ಸ್ಕ್ಯಾನ್ ಒತ್ತುತ್ತಾರೆ. ‘ಫೇಲ್ಡ್ ಟು ಫೈಂಡ್ ಪೋರ್ಟ್ ಲಿಸ್ಟ್’ ಅಥವಾ ‘ಫೇಲ್ಡ್ ಟು ಫೈಂಡ್ ಕಾನ್ಫಿಗ್’ ಎಂಬ ದೋಷ ಬರುತ್ತದೆ, ಕೆಟ್ಟುಹೋಯಿತೆಂದು ಅಳಿಸಿ ಮತ್ತೆ ಶುರುಮಾಡುತ್ತಾರೆ, ಮತ್ತೆ ಅದೇ ದೋಷ. ಕೆಟ್ಟಿರುವುದೇನೂ ಇಲ್ಲ. ಫೀಡ್ ಇಮೇಜ್‌ಗಳು ಇಳಿದಿವೆ, ಅವು ಡೇಟಾಬೇಸ್‌ಗೆ ಇನ್ನೂ ಸೇರಿಲ್ಲ, ಅಷ್ಟೆ. ಅಡ್ಮಿನಿಸ್ಟ್ರೇಷನ್ ವಿಭಾಗದ ಫೀಡ್ ಸ್ಟೇಟಸ್ ಪುಟದಲ್ಲಿ ಎನ್‌ವಿಟಿ, ಸ್ಕ್ಯಾಪ್, ಸರ್ಟ್, ಜಿವಿಎಂಡಿ ಡೇಟಾ ಎಂಬ ನಾಲ್ಕು ಸಾಲುಗಳಿರುತ್ತವೆ, ಒಂದೊಂದು ಬಗೆಯ ಫೀಡ್‌ಗೆ ಒಂದೊಂದು. ನಾಲ್ಕರಲ್ಲೂ ‘ಅಪ್‌ಡೇಟ್ ಇನ್ ಪ್ರೋಗ್ರೆಸ್’ ಹೋಗಿ ‘ಕರೆಂಟ್’ ಬರುವವರೆಗೆ ಕೈಕಟ್ಟಿ ಕೂರಬೇಕು. ಯಂತ್ರ ಸಣ್ಣದಾದರೆ ಇದಕ್ಕೆ ಗಂಟೆಗಳೇ ಹಿಡಿಯುತ್ತವೆ. ರ‍್ಯಾಮ್ 4 ಜಿಬಿ ಮಾತ್ರ ಇದ್ದಾಗ ಸ್ಕ್ಯಾಪ್ ತುಂಬುವ ಹೊತ್ತಿಗೆ ಕರ್ನೆಲ್ ಯಾವುದಾದರೂ ಪ್ರಕ್ರಿಯೆಯನ್ನು ಕೊಲ್ಲುವುದುಂಟು. ಲಾಗ್‌ನಲ್ಲಿ ‘ಔಟ್ ಆಫ್ ಮೆಮೊರಿ’ ಎಂದು ಹುಡುಕಿದರೆ ಸಿಗುತ್ತದೆ.

ಫೀಡ್ ಹೊಸದಾಗಿಸುವುದೂ ಪುಲ್ ಮತ್ತು ಅಪ್‌ನಿಂದಲೇ, ಏಕೆಂದರೆ ಫೀಡ್ ಕೂಡ ಇಮೇಜ್ ರೂಪದಲ್ಲೇ ಬರುತ್ತದೆ. ಸ್ಕ್ಯಾನ್ ಮಾಡುವ ಹಿಂದಿನ ರಾತ್ರಿ ಹೊಸದಾಗಿಸಿ. ಹಳೆಯ ಇಮೇಜ್‌ಗಳು ತಾವಾಗಿ ಹೋಗುವುದಿಲ್ಲ, ಡಿಸ್ಕ್ ತುಂಬುತ್ತಾ ಹೋಗುತ್ತದೆ; ಆಗಾಗ ಇಮೇಜ್ ಪ್ರೂನ್ ಓಡಿಸಿ. ಆದರೆ ಕಂಪೋಸ್ ಡೌನ್ ಜೊತೆಗೆ ವಿ ಆಯ್ಕೆಯನ್ನು ಅಭ್ಯಾಸಬಲದಿಂದ ಸೇರಿಸಬೇಡಿ. ಅದು ಕಂಟೇನರ್‌ನ ಮಾಹಿತಿ ಉಳಿಸಿಡುವ ವಾಲ್ಯೂಮ್‌ಗಳನ್ನೇ ಅಳಿಸುತ್ತದೆ. ಹಳೆಯ ವರದಿ, ಕಾರ್ಯಪಟ್ಟಿ, ಬಳಕೆದಾರರು ಎಲ್ಲ ಒಟ್ಟಿಗೆ ಹೋಗುತ್ತಾರೆ.

ಕೊಡಗಿನಲ್ಲಿ ಕರೆಂಟಿನ ಮಾತು ಆಡದೆ ಈ ವಿಷಯ ಮುಗಿಯುವುದಿಲ್ಲ. ಗ್ರೀನ್‌ಬೋನ್‌ನ ಕಂಪೋಸ್ ಫೈಲ್‌ನಲ್ಲಿ ಸೇವೆಗಳ ಮರುಚಾಲನೆಯ ನಿಯಮ ‘ಆನ್ ಫೇಲ್ಯೂರ್’ ಎಂದಿರುತ್ತದೆ. ಒಳಗಿನ ಪ್ರೋಗ್ರಾಂ ಕುಸಿದರೆ ಇದು ಎಬ್ಬಿಸುತ್ತದೆ. ಇಡೀ ಯಂತ್ರ ಆರಿ ಹೊತ್ತಿಕೊಂಡು ಡಾಕರ್ ಹೊಸದಾಗಿ ಎದ್ದಾಗ ಎಬ್ಬಿಸುವುದಿಲ್ಲ. ಕಕ್ಕಡದ ಮಳೆಯಲ್ಲಿ ಮರ ಬಿದ್ದು ಲೈನ್ ಹೋಗಿ ಬೆಳಿಗ್ಗೆ ಕರೆಂಟ್ ಬಂದರೆ ಕಂಪ್ಯೂಟರ್ ಎದ್ದಿರುತ್ತದೆ, ಸ್ಕ್ಯಾನರ್ ಮಲಗಿರುತ್ತದೆ. ಮತ್ತೊಮ್ಮೆ ಕಂಪೋಸ್ ಅಪ್ ಕೊಟ್ಟರೆ ಸಾಕು. ಯಾವಾಗಲೂ ಓಡುತ್ತಿರಬೇಕಾದ ಯಂತ್ರವಾದರೆ ನಿಯಮವನ್ನು ‘ಅನ್‌ಲೆಸ್ ಸ್ಟಾಪ್ಡ್’ ಎಂದು ಬದಲಿಸಿಕೊಳ್ಳಿ, ಆದರೆ ಫೀಡ್ ಹೊತ್ತು ತರುವ ಕಂಟೇನರ್‌ಗಳಿಗೆ ಬೇಡ. ಅವು ಕೆಲಸ ಮುಗಿಸಿ ನಿಲ್ಲಲೆಂದೇ ಇರುವವು. ಅರ್ಧಕ್ಕೆ ನಿಂತ ಸ್ಕ್ಯಾನ್ ‘ಇಂಟರಪ್ಟೆಡ್’ ಎಂದು ತೋರಿಸುತ್ತದೆ, ರೆಸ್ಯೂಮ್ ಗುಂಡಿ ಒತ್ತಿ ಮುಂದುವರಿಸಬಹುದು. ಯುಪಿಎಸ್ ಅನ್ನು ಸ್ಕ್ಯಾನರ್‌ಗೆ ಮಾತ್ರ ಕೊಟ್ಟು ಸ್ವಿಚ್‌ಗೆ ಕೊಡದೆ ಇದ್ದರೆ ಇನ್ನೊಂದು ಚೋದ್ಯ: ಸ್ಕ್ಯಾನ್ ನಿಲ್ಲುವುದಿಲ್ಲ, ಎದುರಿಗಿರುವ ಯಂತ್ರಗಳೆಲ್ಲ ಸತ್ತಿವೆ ಎಂದು ದಾಖಲಿಸಿ ನೆಮ್ಮದಿಯಾಗಿ ಮುಗಿಯುತ್ತದೆ.

‘ಸ್ಕ್ಯಾನ್ ಮುಗಿಯಿತು, ಏನೂ ಸಿಗಲಿಲ್ಲ’ ಎಂಬುದಕ್ಕೆ ಬೇರೆ ಕಾರಣಗಳೂ ಇವೆ. ಯಂತ್ರ ಬದುಕಿದೆಯೇ ಎಂದು ಸ್ಕ್ಯಾನರ್ ಮೊದಲು ಪಿಂಗ್ ಮಾಡಿ ನೋಡುತ್ತದೆ. ವಿಂಡೋಸ್ ಫೈರ್‌ವಾಲ್ ಸಾಮಾನ್ಯವಾಗಿ ಪಿಂಗ್‌ಗೆ ಉತ್ತರಿಸುವುದಿಲ್ಲ, ಹಾಗಾಗಿ ಆ ಯಂತ್ರ ಲೆಕ್ಕಕ್ಕೇ ಬರುವುದಿಲ್ಲ. ಟಾರ್ಗೆಟ್ (ಪರೀಕ್ಷಿಸಬೇಕಾದ ವಿಳಾಸಗಳ ಪಟ್ಟಿ) ಮಾಡುವಾಗ ಅಲೈವ್ ಟೆಸ್ಟ್ ಅನ್ನು ‘ಕನ್ಸಿಡರ್ ಅಲೈವ್’ಗೆ ಬದಲಿಸಿ. ಹಾಗೆಂದು ಇಡೀ 192.168.1 ಶ್ರೇಣಿಯ 254 ವಿಳಾಸಗಳನ್ನೂ ‘ಬದುಕಿವೆ’ ಎಂದು ಕೊಟ್ಟರೆ ಖಾಲಿ ವಿಳಾಸಗಳ ಬಾಗಿಲು ಬಡಿಯುತ್ತಲೇ ರಾತ್ರಿ ಕಳೆಯುತ್ತದೆ. ರೂಟರ್ ಹಂಚಿರುವ ವಿಳಾಸಗಳ ಡಿಎಚ್‌ಸಿಪಿ ಪಟ್ಟಿ ನೋಡಿ, ನಿಜವಾಗಿ ಇರುವ ವಿಳಾಸಗಳನ್ನಷ್ಟೇ ಬರೆಯಿರಿ. ಸಣ್ಣ ಕಚೇರಿಯಲ್ಲಿ ಅವು ಇಪ್ಪತ್ತು ಮೂವತ್ತು ದಾಟುವುದಿಲ್ಲ.

ಇನ್ನೊಂದು ತೊಡಕು ವಿಳಾಸಗಳ ಡಿಕ್ಕಿ. ಡಾಕರ್ ತನ್ನ ಒಳಜಾಲಕ್ಕೆ 172.17ರಿಂದ 172.31ರವರೆಗಿನ ಶ್ರೇಣಿಗಳನ್ನು ಒಂದೊಂದಾಗಿ ಹಿಡಿಯುತ್ತದೆ, ಅವು ಸಾಲದಿದ್ದರೆ 192.168ಕ್ಕೂ ಕೈಹಾಕುತ್ತದೆ. ಶಾಖೆಗಳನ್ನು ವಿಪಿಎನ್‌ನಿಂದ ಜೋಡಿಸಿರುವ ಸಂಸ್ಥೆಯ ಗೋಣಿಕೊಪ್ಪ ಶಾಖೆ 172.18ರಲ್ಲಿದ್ದರೆ, ಮಡಿಕೇರಿಯ ಸ್ಕ್ಯಾನರ್ ಕಳಿಸುವ ಪ್ಯಾಕೆಟ್ ತನ್ನ ಒಳಜಾಲದಲ್ಲೇ ಸುತ್ತಿ ಸಾಯುತ್ತದೆ. ಡಾಕರ್‌ನ ಡೀಮನ್ ಸಂರಚನಾ ಫೈಲ್‌ನಲ್ಲಿ ‘ಡೀಫಾಲ್ಟ್ ಅಡ್ರೆಸ್ ಪೂಲ್ಸ್’ ಎಂಬಲ್ಲಿ ಕಚೇರಿಯಲ್ಲಿ ಬಳಕೆಯಿಲ್ಲದ ಶ್ರೇಣಿಯನ್ನು, ಉದಾಹರಣೆಗೆ 10.200ರದ್ದನ್ನು, ಕೊಟ್ಟು ಆಮೇಲೆ ಕಂಟೇನರ್‌ಗಳನ್ನು ಎಬ್ಬಿಸಿ.

ಈಗ ಸ್ಕ್ಯಾನ್. ಸಂರಚನೆ ‘ಫುಲ್ ಅಂಡ್ ಫಾಸ್ಟ್’ ಸಾಕು. ಅದು ಒಂದೇ ಹೊತ್ತಿಗೆ 20 ಯಂತ್ರಗಳನ್ನು, ಪ್ರತಿ ಯಂತ್ರದ ಮೇಲೆ 4 ಪರೀಕ್ಷೆಗಳನ್ನು ಓಡಿಸುವಂತೆ ಇಟ್ಟಿರುತ್ತಾರೆ. ನಮ್ಮ ಕಚೇರಿಗಳ ಅಗ್ಗದ ವೈಫೈ ರೂಟರ್ ಅಷ್ಟನ್ನು ತಡೆಯುವುದಿಲ್ಲ. ಸಂಪರ್ಕಗಳ ಪಟ್ಟಿ ತುಂಬಿ ಎಲ್ಲರ ಇಂಟರ್ನೆಟ್ ನಿಲ್ಲುತ್ತದೆ. 5 ಮತ್ತು 2ಕ್ಕೆ ಇಳಿಸಿ. ಹಳೆಯ ಸಿಸಿಟಿವಿ ಡಿವಿಆರ್, ಬೆರಳಚ್ಚು ಹಾಜರಿ ಯಂತ್ರಗಳು ಅಷ್ಟಕ್ಕೂ ತೂಕಡಿಸಬಹುದು. ಅವನ್ನು ಪ್ರತ್ಯೇಕ ಟಾರ್ಗೆಟ್ ಮಾಡಿ, ಪಕ್ಕದಲ್ಲಿ ಸ್ವಿಚ್ ಆರಿಸಿ ಹಾಕಬಲ್ಲ ಮನುಷ್ಯನೊಬ್ಬ ಇರುವಾಗ ನೋಡಿ. ಪ್ರಿಂಟರ್‌ಗಳನ್ನು ಮೊದಲ ಸುತ್ತಿನಲ್ಲಿ ಬಿಟ್ಟೇಬಿಡಿ. 9100ನೇ ಪೋರ್ಟ್‌ಗೆ ಏನು ಕಳಿಸಿದರೂ ಅದು ಮುದ್ರಿಸಬೇಕಾದ ಕಾಗದ ಎಂದೇ ಪ್ರಿಂಟರ್ ತಿಳಿಯುತ್ತದೆ, ಬೆಳಿಗ್ಗೆ ಬಂದು ನೋಡಿದರೆ ಟ್ರೇಯಲ್ಲಿದ್ದ ಹಾಳೆಯೆಲ್ಲ ಅರ್ಥವಿಲ್ಲದ ಅಕ್ಷರಗಳಿಂದ ತುಂಬಿರುತ್ತದೆ.

ಪಾಸ್‌ವರ್ಡ್ ಕೊಡದೆ ಮಾಡಿದ ಸ್ಕ್ಯಾನ್ ಹೊರಗಿನಿಂದ ಕಾಣುವ ಆವೃತ್ತಿ ಸಂಖ್ಯೆಯನ್ನು ನೋಡಿ ಊಹಿಸುತ್ತದೆ. ಉಬುಂಟು, ಡೆಬಿಯನ್, ರೆಡ್‌ಹ್ಯಾಟ್‌ಗಳು ಆವೃತ್ತಿ ಸಂಖ್ಯೆ ಬದಲಿಸದೆ ದುರಸ್ತಿಯನ್ನಷ್ಟೇ ಹಳೆಯ ಪ್ಯಾಕೇಜಿಗೆ ಸೇರಿಸುತ್ತವೆ. ಆದ್ದರಿಂದ ವರದಿಯಲ್ಲಿ ಕೆಂಪು ಕಂಡರೂ ಯಂತ್ರ ಸರಿಯಿರಬಹುದು. ವರದಿಯ ‘ಕ್ಯೂಓಡಿ’ ಎಂಬ ಅಂಕಣ ಇದಕ್ಕೇ ಇರುವುದು: ಪತ್ತೆ ಎಷ್ಟು ನಂಬಲರ್ಹ ಎಂಬ ಶೇಕಡಾ ಅಂಕ. 70ಕ್ಕಿಂತ ಕೆಳಗಿನವನ್ನು ಅದು ಮೊದಲೇ ಬದಿಗಿಟ್ಟಿರುತ್ತದೆ. ಪಾಸ್‌ವರ್ಡ್ ಕೊಟ್ಟು ಮಾಡಿದರೆ ಪ್ಯಾಕೇಜ್ ಪಟ್ಟಿಯನ್ನೇ ಓದುವುದರಿಂದ ಊಹಿಸುವ ಅಗತ್ಯ ಬೀಳುವುದಿಲ್ಲ. ವಿಂಡೋಸ್‌ನಲ್ಲಿ ಇದಕ್ಕೆ ರಿಮೋಟ್ ರಿಜಿಸ್ಟ್ರಿ ಸೇವೆ ಓಡುತ್ತಿರಬೇಕು, ಫೈಲ್ ಹಂಚಿಕೆಯ ಪೋರ್ಟ್ ಸ್ಕ್ಯಾನರ್‌ನ ಒಂದು ವಿಳಾಸಕ್ಕೆ ತೆರೆದಿರಬೇಕು. ಈ ಕೆಲಸಕ್ಕೆಂದೇ ಒಂದು ಖಾತೆ ತೆರೆದು, ಮುಗಿದ ದಿನವೇ ನಿಷ್ಕ್ರಿಯಗೊಳಿಸಿ, ಸೇವೆಯನ್ನೂ ಮೊದಲಿನಂತೆ ನಿಲ್ಲಿಸಿ. ಕಾರ್ಯದರ್ಶಿಯ ಸ್ವಂತ ಲಾಗಿನ್ ಕೊಡಬೇಡಿ.

ಕಮ್ಯುನಿಟಿ ಫೀಡ್‌ಗೆ ಮಿತಿ ಇಲ್ಲವೆನ್ನುವುದು ಸುಳ್ಳಾದೀತು. ದೊಡ್ಡ ಸಂಸ್ಥೆಗಳು ಬಳಸುವ ಕೆಲವು ದುಬಾರಿ ಉತ್ಪನ್ನಗಳ ಪರೀಕ್ಷೆಗಳು ಗ್ರೀನ್‌ಬೋನ್‌ನ ಹಣ ಕೊಡುವ ಫೀಡ್‌ನಲ್ಲಿ ಮಾತ್ರ ಇವೆ. ಆದರೆ ವಿಂಡೋಸ್, ಲಿನಕ್ಸ್, ಸಾಮಾನ್ಯ ರೂಟರ್, ವೆಬ್ ಸರ್ವರ್ ಇಷ್ಟೇ ಇರುವ ಕಚೇರಿಗೆ ಅದರ ಕೊರತೆ ಅಷ್ಟಾಗಿ ತಟ್ಟುವುದಿಲ್ಲ.

ನೆಸ್ಸಸ್ಸೇ ಬೇಕೆನ್ನುವವರಿಗೆ ನೆಸ್ಸಸ್ ಎಸೆನ್ಷಿಯಲ್ಸ್ ಇದೆ. ಇಮೇಲ್ ನೋಂದಾಯಿಸಿದರೆ ಸಕ್ರಿಯ ಸಂಕೇತ ಉಚಿತವಾಗಿ ಬರುತ್ತದೆ, ಕೆಲವೇ ಐಪಿ ವಿಳಾಸಗಳಿಗೆ ಸೀಮಿತ. ಮಿತಿ ಕಾಲಕಾಲಕ್ಕೆ ಬದಲಾಗುವುದರಿಂದ ನೋಂದಣಿ ಪುಟದಲ್ಲೇ ನೋಡಿಕೊಳ್ಳಿ. ಗ್ರಾಹಕರ ಜಾಲಕ್ಕೆ ಹಣ ಪಡೆದು ಬಳಸುವ ಮುನ್ನ ಪರವಾನಗಿ ಒಪ್ಪಂದ ಓದಿ. ತಯಾರಕ ಸಂಸ್ಥೆ ಟೆನಬಲ್ ಡಾಕರ್ ಹಬ್‌ನಲ್ಲಿ ತನ್ನದೇ ಹೆಸರಿನಡಿ ಇಮೇಜ್ ಇಟ್ಟಿದೆ, 8834ನೇ ಪೋರ್ಟ್‌ನಲ್ಲಿ ತೆರೆಯುತ್ತದೆ. ತೊಡಕೆಂದರೆ ಆ ಇಮೇಜ್ ಹೊರಗಿನ ವಾಲ್ಯೂಮ್‌ಗಳನ್ನು ಬೆಂಬಲಿಸುವುದಿಲ್ಲ. ಕಂಟೇನರ್ ಅಳಿಸಿದರೆ ವರದಿಗಳೂ ಹೋದವು, ಸಂಕೇತವೂ ಒಮ್ಮೆ ಬಳಸಿದ್ದಾಗಿ ವ್ಯರ್ಥ. ಕಲಿಯುವ ವಿದ್ಯಾರ್ಥಿಗೆ ಇದು ಸರಿ. ತಿಂಗಳು ತಿಂಗಳೂ ಬಳಸುವವರು ಉಬುಂಟು ಮೇಲೆ ನೇರವಾಗಿ ಹಾಕಿಕೊಳ್ಳಲಿ.

ವೆಬ್‌ಸೈಟ್ ನೋಡಲು ಝಾಪ್, ಸಾಫ್ಟ್‌ವೇರ್ ಯೋಜನೆಯ ಲೈಬ್ರರಿಗಳನ್ನು ನೋಡಲು ಟ್ರಿವಿ ಅಥವಾ ಗ್ರೈಪ್ – ಮೂರೂ ಅಪಾಚೆ ಪರವಾನಗಿಯವು, ಮೂರೂ ಕಂಟೇನರ್‌ನಲ್ಲಿ ಓಡುತ್ತವೆ. ಝಾಪ್‌ನ ‘ಬೇಸ್‌ಲೈನ್’ ಒಂದು ನಿಮಿಷ ಪುಟಗಳನ್ನು ಸುತ್ತಿ ನೋಡಿ ಬರುತ್ತದೆ, ದಾಳಿ ಮಾಡುವುದಿಲ್ಲ. ‘ಫುಲ್ ಸ್ಕ್ಯಾನ್’ ನಿಜವಾಗಿಯೂ ದಾಳಿ ಮಾಡುತ್ತದೆ. ಹೋಂಸ್ಟೇಯ ಬುಕಿಂಗ್ ಪುಟದ ಮೇಲೆ ಓಡಿಸಿದರೆ ನೂರಾರು ಸುಳ್ಳು ಬುಕಿಂಗ್ ಬಿದ್ದು ಮಾಲೀಕರ ಫೋನ್ ರಾತ್ರಿಯಿಡೀ ಕೂಗುತ್ತದೆ. ಪ್ರಯೋಗಕ್ಕೆ ಬೇರೆ ಪ್ರತಿ ಇಟ್ಟುಕೊಳ್ಳಿ. ವರದಿ ಉಳಿಸುವಾಗ ‘ಪರ್ಮಿಷನ್ ಡಿನೈಡ್’ ಬಂದರೆ ಫೋಲ್ಡರ್‌ನ ಒಡೆತನ ಕಂಟೇನರ್‌ನೊಳಗಿನ 1000ನೇ ಬಳಕೆದಾರನಿಗೆ ಇಲ್ಲವೆಂದರ್ಥ. ಟ್ರಿವಿಗೆ ಡಾಕರ್ ಸಾಕೆಟ್ (ಡಾಕರ್‌ಗೆ ಆದೇಶ ಕೊಡುವ ದ್ವಾರ) ಕೊಡಿ ಎಂದು ಅನೇಕ ಕಡೆ ಬರೆದಿರುತ್ತಾರೆ. ಸಾಕೆಟ್ ಕೊಡುವುದೆಂದರೆ ರೂಟ್ ಅಧಿಕಾರ ಕೊಡುವುದು. ಇಮೇಜನ್ನು ಟಾರ್ ಫೈಲ್ ಆಗಿ ಉಳಿಸಿ ಅದನ್ನೇ ಓದಿಸಿದರೆ ಸಾಕೆಟ್ ಬೇಕಾಗುವುದಿಲ್ಲ. ಡಾಕರ್ ಹಬ್‌ನಿಂದ ಇಳಿಸುವಾಗ ‘ಟೂ ಮೆನಿ ರಿಕ್ವೆಸ್ಟ್ಸ್’ ಎಂದರೆ ಗಾಬರಿ ಬೇಡ. ಮೊಬೈಲ್ ಜಾಲದಲ್ಲಿ ಒಂದೇ ಐಪಿ ವಿಳಾಸವನ್ನು ಅನೇಕರು ಹಂಚಿಕೊಂಡಿರುತ್ತಾರೆ, ಬೇರೆಯವರ ಇಳಿಕೆಯೂ ನಿಮ್ಮ ಲೆಕ್ಕಕ್ಕೆ ಬಿದ್ದಿರುತ್ತದೆ. ಉಚಿತ ಖಾತೆ ತೆರೆದು ಲಾಗಿನ್ ಆದರೆ ಬೇರೆ ಲೆಕ್ಕ.

ಸ್ಕ್ಯಾನರ್‌ಗೆ ಪರವಾನಗಿ ಇದ್ದರೆ ಸಾಲದು, ಸ್ಕ್ಯಾನ್ ಮಾಡಲು ಅನುಮತಿಯೂ ಬೇಕು. ಮಾಲೀಕರ ಒಪ್ಪಿಗೆಯಿಲ್ಲದೆ ಜಾಲಕ್ಕೆ ಕೈಹಾಕುವುದು 2000ದ ಮಾಹಿತಿ ತಂತ್ರಜ್ಞಾನ ಕಾಯ್ದೆಯ 43ನೇ ಕಲಂಗೆ ಬರುತ್ತದೆ. ದುರುದ್ದೇಶ ಸೇರಿದರೆ 66ನೇ ಕಲಂನಡಿ 3 ವರ್ಷದವರೆಗೆ ಸೆರೆವಾಸ, 5 ಲಕ್ಷದವರೆಗೆ ದಂಡ, ಇಲ್ಲವೇ ಎರಡೂ. ಬಾಯಿಮಾತಿನ ‘ಮಾಡಿ ಪರವಾಗಿಲ್ಲ’ ಲೆಕ್ಕಕ್ಕಿಲ್ಲ. ಒಂದು ಹಾಳೆಯಲ್ಲಿ ಪರೀಕ್ಷಿಸುವ ವಿಳಾಸಗಳ ಪಟ್ಟಿ, ದಿನ, ಶುರು ಮತ್ತು ಮುಗಿಯುವ ಹೊತ್ತು, ಬಳಸುವ ಸಲಕರಣೆಗಳ ಹೆಸರು, ನಡುವೆ ನಿಲ್ಲಿಸಬೇಕಾದರೆ ಯಾರಿಗೆ ಫೋನ್ ಮಾಡಬೇಕು, ವರದಿ ಯಾರ ಕೈಗೆ ಹೋಗಬೇಕು ಎಂಬುದನ್ನು ಬರೆದು ಸಹಿ ಹಾಕಿಸಿಕೊಳ್ಳಿ. ವೆಬ್‌ಸೈಟ್ ಹಂಚಿಕೆಯ ಹೋಸ್ಟಿಂಗ್‌ನಲ್ಲಿದ್ದರೆ ಯಂತ್ರ ನಿಮ್ಮದಲ್ಲ, ಅದೇ ಸರ್ವರ್‌ನಲ್ಲಿ ಬೇರೆಯವರ ಸೈಟ್‌ಗಳೂ ಇರುತ್ತವೆ. ಹೋಸ್ಟಿಂಗ್ ಸಂಸ್ಥೆಯನ್ನೂ ಕೇಳಬೇಕು. ಕೇಂದ್ರ ಸರ್ಕಾರದ ಸೈಬರ್ ಭದ್ರತಾ ಸಂಸ್ಥೆ ಸರ್ಟ್-ಇನ್‌ನ ಪಟ್ಟಿಯಲ್ಲಿರುವ ಆಡಿಟರ್‌ಗಳಿಂದಲೇ ಆಗಬೇಕೆಂದು ನಿಯಮವಿರುವ ಆಡಿಟ್‌ಗೆ ಈ ಮನೆಯೊಳಗಿನ ಪರೀಕ್ಷೆ ಬದಲಿಯಲ್ಲ, ಅದಕ್ಕೆ ಮೊದಲಿನ ತಯಾರಿ ಮಾತ್ರ.

ವರದಿ ಬಂದ ಮೇಲೆ ಎಲ್ಲವನ್ನೂ ಒಂದೇ ದಿನ ಸರಿಮಾಡಲು ಹೋಗಬೇಡಿ. ಪ್ರತಿ ಲೋಪಕ್ಕೂ ಕೊಟ್ಟಿರುವ ತೀವ್ರತೆಯ ಅಂಕ 9ರಿಂದ 10ರವರೆಗಿನವು ಅತಿ ಗಂಭೀರ, 7ರಿಂದ 8.9 ಗಂಭೀರ. ಆ ಎರಡರಲ್ಲೂ ಇಂಟರ್ನೆಟ್‌ಗೆ ಮುಖಮಾಡಿರುವ ಯಂತ್ರಗಳಿಂದ ಶುರುಮಾಡಿ. ನಮ್ಮ ಕಡೆ ಸಾಮಾನ್ಯವಾಗಿ ಮೇಲೆ ಬರುವವು: ಡೀಫಾಲ್ಟ್ ಪಾಸ್‌ವರ್ಡ್‌ನಲ್ಲೇ ಇರುವ ಡಿವಿಆರ್, ಹಳೆಯ ಸ್ಕ್ಯಾನರ್-ಕಾಪಿಯರ್‌ಗೋಸ್ಕರ ಬಿಟ್ಟಿರುವ, ಫೈಲ್ ಹಂಚಿಕೆಯ ಎಸ್‌ಎಂಬಿ ಒಂದನೇ ಆವೃತ್ತಿ, 2025ರ ಅಕ್ಟೋಬರ್ 14ಕ್ಕೆ ಬೆಂಬಲ ಮುಗಿದ ವಿಂಡೋಸ್ 10, ಹೊರಗಿನಿಂದ ನೋಡಲೆಂದು ರೂಟರ್‌ನಲ್ಲಿ ತೆರೆದ ಪೋರ್ಟ್. ಬಿಳಿ ಕಾಂಡಕೊರಕ ಹೊಕ್ಕ ಅರೇಬಿಕಾ ಗಿಡಕ್ಕೆ ಬಣ್ಣ ಬಳಿದು ಗುರುತು ಮಾಡಿ, ಕಿತ್ತು ಸುಡದೆ ಬಿಟ್ಟರೆ ಪಕ್ಕದ ಸಾಲಿಗೂ ಹುಳು ಹಬ್ಬುವುದು ತೋಟದವರಿಗೆ ಗೊತ್ತು; ದುರಸ್ತಿ ಮಾಡದ ವರದಿಯೂ ಅಷ್ಟೆ. ಸರಿಪಡಿಸಿದ ಮೇಲೆ ಅದೇ ಟಾಸ್ಕ್ ಮತ್ತೆ ಓಡಿಸಿದರೆ ಹಿಂದಿನದಕ್ಕೂ ಇಂದಿನದಕ್ಕೂ ವ್ಯತ್ಯಾಸವನ್ನು ಗ್ರೀನ್‌ಬೋನ್ ತಾನೇ ತೋರಿಸುತ್ತದೆ.

ಈಗಾಗಲೇ ಕ್ರ್ಯಾಕ್ ಸ್ಕ್ಯಾನರ್ ಓಡಿಸಿರುವ ಕಚೇರಿಗಳು ಅದನ್ನು ಅನ್‌ಇನ್‌ಸ್ಟಾಲ್ ಮಾಡಿ ಸುಮ್ಮನಾಗುವಂತಿಲ್ಲ. ಆ ಯಂತ್ರವನ್ನು ಜಾಲದಿಂದ ಬಿಡಿಸಿ, ಬೇಕಾದ ದಾಖಲೆಗಳನ್ನಷ್ಟೇ ತೆಗೆದುಕೊಂಡು, ಕೆಳಗೆ ಹೇಳುವಂತೆ ಲಾಗ್ ನೋಡಿ ಮುಗಿದ ಮೇಲೆ ಡಿಸ್ಕ್ ಅಳಿಸಿ ಆಪರೇಟಿಂಗ್ ಸಿಸ್ಟಂ ಹೊಸದಾಗಿ ಹಾಕಿ. ಸ್ಕ್ಯಾನರ್‌ಗೆ ಕೊಟ್ಟಿದ್ದ ಪ್ರತಿಯೊಂದು ಪಾಸ್‌ವರ್ಡ್ ಬದಲಿಸಿ: ಅಡ್ಮಿನ್, ಡೊಮೇನ್, ರೂಟರ್, ಡೇಟಾಬೇಸ್. ಎಸ್‌ಎಸ್‌ಎಚ್ ಕೀಗಳನ್ನು ಸರ್ವರ್‌ಗಳಿಂದ ತೆಗೆದು ಹೊಸದನ್ನು ಹಾಕಿ, ಎಸ್‌ಎನ್‌ಎಂಪಿ ಗುಟ್ಟು ಬದಲಿಸಿ. ಯಾರೂ ತೆರೆಯದ ಹೊಸ ಖಾತೆಗಳಿವೆಯೇ, ರಾತ್ರಿ ಹೊತ್ತು ಆ ಯಂತ್ರದಿಂದ ಹೊರಗೆ ಹೋದ ಸಂಪರ್ಕಗಳಿವೆಯೇ ಎಂದು ರೂಟರ್ ಮತ್ತು ಫೈರ್‌ವಾಲ್ ಲಾಗ್‌ಗಳಲ್ಲಿ ಹುಡುಕಿ. 2022ರ ಏಪ್ರಿಲ್ 28ರ ಸರ್ಟ್-ಇನ್ ನಿರ್ದೇಶನದಂತೆ ಲಾಗ್‌ಗಳನ್ನು 180 ದಿನ ಇಟ್ಟುಕೊಂಡಿರಬೇಕು. ಯಾರೋ ಒಳಹೊಕ್ಕ ಕುರುಹು ಸಿಕ್ಕರೆ ಅದು ಗಮನಕ್ಕೆ ಬಂದ 6 ಗಂಟೆಯೊಳಗೆ ಸರ್ಟ್-ಇನ್‌ಗೆ ತಿಳಿಸಬೇಕು. ಅಷ್ಟರಲ್ಲಿ ಆ ಯಂತ್ರದ ಡಿಸ್ಕ್ ಅಳಿಸಿಬಿಟ್ಟಿದ್ದರೆ ಸಾಕ್ಷ್ಯ ಇರುವುದಿಲ್ಲ. ಆದ್ದರಿಂದ ಲಾಗ್ ನೋಡುವ ಕೆಲಸ ಮೊದಲು, ಡಿಸ್ಕ್ ಅಳಿಸುವುದು ಆಮೇಲೆ.

ಇಂತಿ,
ಗಣಕ ಜಾಲ ನಿರ್ವಹಣೆಯ ಕೆಲಸದಲ್ಲಿರುವ ಕೆಲವರು,
ಮಡಿಕೇರಿ